ಕನ್ನಡ ಕಲೀಲಿ ಅಂದ್ರಲ್ಲ ಶಾಸಕರೇ, ಕಲಿಸೋರನ್ನ ಕೊಡಿ

ಮಾನ್ಯ ಶಾಸಕರಿಗೆ,

ಚಿಕ್ಕಮಗಳೂರು ಜಿಲ್ಲೆ ಕಾಫಿ ತೋಟದ ಒಬ್ಬ ರಿಟೈರ್ಡ್ ರೈಟರ್ ಮಾಡುವ ನಮಸ್ಕಾರಗಳು. ರೈಟರ್ ಅಂದ್ರೆ ಕತೆ ಬರಿಯೋನಲ್ಲ, ಚೆಕ್‌ರೋಲ್ ಅಂದ್ರೆ ಆಳುಗಳ ಹಾಜರಿ, ಕೂಲಿ ಲೆಕ್ಕ ಬರಿಯೋನು, ನಿಮಗೆ ಗೊತ್ತೇ ಇದೆ, ಎಲೆಕ್ಷನ್ ಟೈಮಲ್ಲಿ ನಿಮ್ಮ ಹುಡುಗರು ತೋಟದ ಆಳುಗಳ ಲೈನ್ ಮನೆ ವೋಟು ಎಷ್ಟಿದೆ ಅಂತ ಮೊದಲು ಕೇಳಕ್ಕೆ ಬರೋದು ನಮ್ಮ ಹತ್ರನೇ. ತಾಲ್ಲೂಕಿನ ಹೆಸರು, ಶಾಲೆ ಹೆಸರು ಬೇಕಂತಲೇ ಹಾಕ್ತಿಲ್ಲ, ಹಾಕಿದ್ರೆ ಏಟು ಬೀಳೋದು ಆ ಪಾಪದ ಟೀಚರಮ್ಮಂಗೆ. ಓದಿದ್ರೆ ಇದು ನಿಮಗೇ ಬರ್ದಿದ್ದು ಅಂತ ನಿಮಗೆ ಗೊತ್ತಾಗತ್ತೆ.

ಬೇಡಿಕೆ ಮೊದಲೇ ಹೇಳ್ಬಿಡ್ತೀನಿ, ಯಾಕಂದ್ರೆ ನಿಮ್ಮ ಪಿಎ ಎರಡನೇ ಪ್ಯಾರಾ ದಾಟಲ್ಲ ಅಂತ ಹಿಂದಿನ ಮೂರು ಅರ್ಜಿ ಅನುಭವ ಇದೆ. ನಮ್ಮೂರ ಸರ್ಕಾರಿ ಕಿರಿಯ ಪ್ರಾಥಮಿಕ ಶಾಲೆಗೆ ಇನ್ನೊಬ್ಬ ಟೀಚರ್ ಕೊಡಿ, ಲೈನ್ ಮನೇಲಿರೋ ಅಸ್ಸಾಂ, ಜಾರ್ಖಂಡ್ ಕಡೆ ಮಕ್ಕಳಿಗೆ ಕನ್ನಡ ಕಲಿಸಕ್ಕೆ. ಒಬ್ಬರೇ ಒಬ್ಬರು. ರೋಡು ಕೇಳ್ತಿಲ್ಲ, ಆನೆ ಓಡ್ಸಿ ಅಂತನೂ ಕೇಳ್ತಿಲ್ಲ, ಅವೆರಡನ್ನೂ ಕೇಳೋದು ಬಿಟ್ಟು ಬಹಳ ದಿನ ಆಯ್ತು.

ನವೆಂಬರ್ ಒಂದನೇ ತಾರೀಕು ತಾಲ್ಲೂಕು ಮೈದಾನದಲ್ಲಿ ನಿಮ್ಮ ರಾಜ್ಯೋತ್ಸವದ ಭಾಷಣ ಕೇಳಿದೆ. ಹೊರಗಿಂದ ದುಡಿಯಕ್ಕೆ ಬಂದೋರು ಈ ನೆಲದ ಭಾಷೆ ಕಲೀಲೇಬೇಕು, ತೋಟ ತೋಟದಲ್ಲೂ ಹಿಂದಿ ಕೇಳಿ ಬರ್ತಿದೆ, ಇದನ್ನ ಸಹಿಸಲ್ಲ ಅಂದ್ರಿ. ನಾನೂ ಚಪ್ಪಾಳೆ ಹೊಡೆದೆ, ಸುಳ್ಳ್ಯಾಕೆ ಹೇಳ್ಲಿ, ಚೆನ್ನಾಗೇ ಮಾತಾಡಿದ್ರಿ. ಮನೆಗೆ ವಾಪಸ್ ಬರುವಾಗ ಬಸ್ಸಲ್ಲಿ ಆ ಹುಡುಗನ ನೆನಪಾಯ್ತು ನೋಡಿ, ಅಲ್ಲಿಂದ ತಲೆ ಕೆಟ್ಟಿದೆ.

ಒಂಬತ್ತು ವರ್ಷದ ಹುಡುಗ. ಅಪ್ಪ ಅಮ್ಮ ಅಸ್ಸಾಂನ ಟೀ ತೋಟದ ಕಡೆಯೋರು, ನಮ್ಮ ಪಕ್ಕದ ತೋಟದ ಲೈನಿಗೆ ಬಂದು ನಾಲ್ಕು ವರ್ಷ ಆಗ್ತಾ ಬಂತು. ಸೀಸನ್‌ಗೆ ಬಂದು ಹೋಗೋರಲ್ಲ, ಕುಯ್ಲು, ಕಸಿ, ಗೊಬ್ಬರ, ಮರಗಸಿ, ವರ್ಷ ಪೂರ್ತಿ ಇಲ್ಲೇ. ಅವನನ್ನೂ ಅವನ ಅಕ್ಕನನ್ನೂ ಇನ್ನೊಂದು ಮಗೂನೂ ಜೂನಲ್ಲಿ ಶಾಲೆಗೆ ಸೇರ್ಸಿದ್ದು ನಾನೇ. ಆ ಕತೆ ಆಮೇಲೆ ಹೇಳ್ತೀನಿ. ದಸರಾ ರಜೆ ಮುಗಿದ ಮೇಲೆ ಒಂದಿನ ಶಾಲೆ ಟ್ಯಾಂಕಿನ ಮೋಟರ್ ಕೆಟ್ಟಿದೆ ನೋಡಿ ಅಂತ ಟೀಚರಮ್ಮ ಕರೆದ್ರು, ಹೋಗಿದ್ದೆ. ಒಂದೇ ಕೊಠಡಿ, ಐದು ಕ್ಲಾಸು, ಒಬ್ಬರೇ ಟೀಚರು. ನಲಿ-ಕಲಿ ಮಕ್ಕಳು ಚಾಪೆ ಮೇಲೆ ಕೂತು ಕಲ್ಲು ಎಣಿಸ್ತಿದ್ರು. ಈ ಹುಡುಗ ಎದ್ದು ನಿಂತ. ಏನೋ ಅವನ ಭಾಷೇಲಿ ಅಂದ. ಟೀಚರಮ್ಮ ಕೈಸನ್ನೆಲಿ ಕೂತ್ಕೋ ಅಂದ್ರು. ಕೂತ, ಮತ್ತೆ ಎದ್ದ. ಬೇರೆ ಮಕ್ಕಳು ದಿನಾ ಬೆರಳೆತ್ತಿ ಮಿಸ್ ಒಂದಕ್ಕೆ ಅಂತ ಹೇಳಿ ಹೊರಗೆ ಓಡೋದನ್ನ ನೋಡಿದ್ದಾನೆ, ಪಾಪ ಅಷ್ಟು ಗಮನ ಇಟ್ಟಿದ್ದಾನೆ, ಬೆರಳೆತ್ತಿ "ಒಂದು" ಅಂದ. ಟೀಚರಮ್ಮ ಎಣಿಸೋ ಪಾಠದಲ್ಲಿದ್ರಲ್ಲ, ಇವನು ಲೆಕ್ಕ ಹೇಳ್ತಿದ್ದಾನೆ ಅಂದ್ಕೊಂಡು ಖುಷಿಯಾಗಿ "ಗುಡ್, ಆಮೇಲೆ?" ಅಂದ್ರು. ಚಾಪೆ ಮೇಲಿದ್ದ ಮಕ್ಕಳೆಲ್ಲ ರಾಗವಾಗಿ ಎರಡು, ಮೂರು, ನಾಕು ಅಂತ ಶುರು ಮಾಡಿದ್ರು. ಅವನು ಒಂದು, ಒಂದು ಅಂತಲೇ ನಿಂತಿದ್ದ. ಏಳು ಎಂಟು ಅನ್ನೋ ಹೊತ್ತಿಗೆ ಚಡ್ಡಿ ಒದ್ದೆ.

ಬಾಗಿಲಲ್ಲಿ ಸ್ಪ್ಯಾನರ್ ಹಿಡ್ಕೊಂಡು ನಾನು ನಿಂತಿದ್ದೆ, ನನಗೂ ಅರ್ಥ ಆಗ್ಲಿಲ್ಲ ನೋಡಿ, ಅದೇ ಬೇಜಾರು. ಮಕ್ಕಳು ನಕ್ಕವು. ಮಕ್ಕಳಲ್ವ, ನಗ್ತವೆ. ಟೀಚರಮ್ಮ ಓಡಿ ಬಂದು ಅವರ ಟವೆಲ್ಲೇ ಕೊಟ್ರು, ಅವರ ಕಣ್ಣಲ್ಲಿ ನೀರು ಬಂದಿತ್ತು, ಅವರ ಮೇಲೆ ನನ್ನ ದೂರು ಇಲ್ಲವೇ ಇಲ್ಲ, ಐದು ಕ್ಲಾಸು ಅವರೇ ತಗೋಬೇಕು, ಮೊಟ್ಟೆ ಲೆಕ್ಕ, ಹಾಲಿನ ಪುಡಿ ಲೆಕ್ಕ ಅವರೇ ಬರೀಬೇಕು, ಸರ್ವೆ ಅಂದ್ರೆ ಅದಕ್ಕೂ ಅವರೇ, ಆನ್‌ಲೈನ್ ಎಂಟ್ರಿಗೆ ನೆಟ್‌ವರ್ಕ್ ಹುಡ್ಕೊಂಡು ಗುಡ್ಡ ಹತ್ತೋದೂ ಅವರೇ. ಮರುದಿನದಿಂದ ಹುಡುಗ ಶಾಲೆಗೆ ಬರ್ಲಿಲ್ಲ. ಲೈನ್ ಹತ್ರ ಹೋಗಿ ಕರೆದೆ, ನನ್ನ ನೋಡಿ ಸೌದೆ ಒಟ್ಟಿಲ ಹಿಂದೆ ಅಡಗ್ಕೊಂಡ. ಈಗ ಅರೇಬಿಕಾ ಕುಯ್ಲು ಜೋರಾಗಿದೆ, ಅವನು ಕಣದಲ್ಲಿ ಕಾಫಿ ಹರವ್ತಾನೆ.

ಇದಾಗಿ ಎರಡು ವಾರ ಆಗಿಲ್ಲ, ನಿಮ್ಮ ಭಾಷಣ. ಕನ್ನಡ ಕಲೀಲೇಬೇಕು. ಸರಿ ಸ್ವಾಮಿ, ಕಲಿಯಕ್ಕೆ ಅಂತಲೇ ಬಂದಿದ್ದ ಅವನು, ಒಂದು "ಕ್ಕೆ" ಹೇಳಿಕೊಡೋರು ಇರ್ಲಿಲ್ಲ.

ಅವನ ಅಕ್ಕನ ವಿಷ್ಯನೂ ಕೇಳಿ. ಹತ್ತು ದಾಟಿದೆ, ಬಲು ಚುರುಕು. ರಜೆಗೆ ಮುಂಚೆ ಪರೀಕ್ಷೆ ಆಯ್ತಲ್ಲ, ಅವಳ ಉತ್ತರ ಪತ್ರಿಕೆ ಟೀಚರಮ್ಮ ನನಗೆ ತೋರಿಸಿದ್ರು. ಪ್ರಶ್ನೆ ಪತ್ರಿಕೇನ ಮೇಲಿಂದ ಕೆಳಗೆ ಹಾಗೇ ಇಳಿಸಿದ್ದಾಳೆ, ಸಮಯ, ಅಂಕಗಳು, ಬಿಟ್ಟ ಸ್ಥಳ ತುಂಬಿರಿ, ಆ ಚುಕ್ಕಿ ಚುಕ್ಕಿ ಗೆರೆ ಕೂಡ ಬಿಟ್ಟಿಲ್ಲ. ಒತ್ತಕ್ಷರ ಒಂದೂ ತಪ್ಪಿಲ್ಲ. ಮುತ್ತು ಪೋಣಿಸಿದ ಹಾಗಿದೆ. ಒಂದು ಪದದ ಅರ್ಥನೂ ಗೊತ್ತಿಲ್ಲ. ಟೀಚರಮ್ಮ ಅಂಕ ಕೊಡೋದೋ ಬಿಡೋದೋ ಗೊತ್ತಾಗದೆ ಕೊನೆಗೆ ಬರವಣಿಗೆ ಚೆನ್ನಾಗಿದೆ ಅಂತ ಕೆಂಪಿಂಕಲ್ಲಿ ಬರ್ದಿದ್ರು, ಅದನ್ನೂ ಆ ಹುಡುಗಿ ಕೆಳಗೆ ಕಾಪಿ ಮಾಡಿ ತೋರಿಸಿದ್ಲಂತೆ.

ಈಗ ಕಾನೂನು. ನಿಮಗೆ ಗೊತ್ತಿಲ್ದೆ ಇರೋದಲ್ಲ, ವಿಧಾನಸೌಧದಲ್ಲಿ ಕೂರೋರು ನೀವು. 2009ರ ಆರ್‌ಟಿಇ, ಅಂದ್ರೆ ಶಿಕ್ಷಣ ಹಕ್ಕು ಕಾಯ್ದೆ, 2010ರ ಏಪ್ರಿಲ್ ಒಂದರಿಂದ ಜಾರಿ. ಅದರ 4ನೇ ಸೆಕ್ಷನ್ನು, ಶಾಲೆ ತಪ್ಪಿದ ಮಗೂನ ವಯಸ್ಸಿಗೆ ತಕ್ಕ ಕ್ಲಾಸಿಗೆ ಸೇರಿಸಿ ವಿಶೇಷ ತರಬೇತಿ ಕೊಡ್ಬೇಕು ಅನ್ನತ್ತೆ. 9ನೇ ಸೆಕ್ಷನ್ನಲ್ಲಿ ವಲಸೆ ಕುಟುಂಬದ ಮಕ್ಕಳ ದಾಖಲಾತಿ ಸ್ಥಳೀಯ ಸಂಸ್ಥೆ ಹೊಣೆ ಅಂತ ಬಿಡಿಸಿ ಬರ್ದಿದ್ದಾರೆ. ಟಿಸಿ ತಡ ಆಯ್ತು ಅಂತಾಗ್ಲಿ, ವಯಸ್ಸಿನ ದಾಖಲೆ ಇಲ್ಲ ಅಂತಾಗ್ಲಿ ವಾಪಸ್ ಕಳಿಸೋ ಹಾಗಿಲ್ಲ. ಇವೆಲ್ಲ ನನ್ನಂಥ ಪಿಯುಸಿ ಫೇಲಾದೋನಿಗೇ ಮೊಬೈಲಲ್ಲಿ ಸಿಗತ್ತೆ ಅಂದ್ರೆ ಆಫೀಸಲ್ಲಿ ಕೂತೋರಿಗೆ ಸಿಗಲ್ವ?

ಅಡ್ಮಿಷನ್ ಕತೆ ಹೇಳ್ತೀನಿ ಅಂದಿದ್ನಲ್ಲ. ಆ ಹುಡುಗೀದು ಅಸ್ಸಾಮಿ ಲಿಪಿಯ ಟಿಸಿ ಇತ್ತು, ಪ್ಲಾಸ್ಟಿಕ್ ಕವರಲ್ಲಿ ಜೋಪಾನವಾಗಿ ಇಟ್ಟಿದ್ಲು ಅವಳಮ್ಮ. ಅದನ್ನ ಹಿಡ್ಕೊಂಡು ಒಂದು ಆಫೀಸಿಗೆ ಹೋದ್ರೆ ಅಲ್ಲಿದ್ದ ಕ್ಲರ್ಕು ತಲೆಕೆಳಗು ಹಿಡ್ಕೊಂಡು ನೋಡಿ, ಇದು ಬಾಂಗ್ಲಾದಲ್ವ ಅಂದ. ಅನುವಾದ ಮಾಡಿಸಿ ನೋಟರಿ ಮಾಡಿಸ್ಕೊಂಡು ಬನ್ನಿ ಅಂದ. ಚಿಕ್ಕಮಗಳೂರಲ್ಲಿ ಅಸ್ಸಾಮಿ ಅನುವಾದ ಮಾಡೋರನ್ನ ಎಲ್ಲಿಂದ ತರ್ಲಿ ಮಾರಾಯ್ರೆ? ಐದು ಸಲ ಹೋದೆ, ಐದು ಸಲ ಅವಳಪ್ಪನ ಕೂಲಿ ಹೋಯ್ತು. ನೆಂಟರ ಮನೆ ಹುಡುಗನ ಫೋನಲ್ಲಿ ಫೋಟೋ ಹೊಡೆದು ಓದಿಸಿ ನಾನೇ ಕನ್ನಡದಲ್ಲಿ ಬರೆದು ಸೈನ್ ಹಾಕಿ ಕೊಟ್ಟೆ. ತಗೊಂಡ್ರು! 34 ವರ್ಷ ಚೆಕ್‌ರೋಲ್ ಬರೆದಿದ್ದು ಅಲ್ಲಿ ಉಪಯೋಗಕ್ಕೆ ಬಂತು. ಇಬ್ಬರನ್ನೂ ಒಂದನೇ ಕ್ಲಾಸು, ಮೂರನೇ ಕ್ಲಾಸು ಅಂತ ಕೂರ್ಸಿದ್ರು, ವಿಶೇಷ ತರಬೇತಿ ಅನ್ನೋ ಮಾತೇ ಎತ್ತಲಿಲ್ಲ.

ಬಾಂಗ್ಲಾದೋರು ಅನ್ನೋದು ಈಗ ಎಲ್ಲರ ಬಾಯಲ್ಲೂ ಇದೆ. ಇರ್ಲಿ, ಯಾರ ಆಧಾರ್ ಸಾಚಾ ಯಾರದ್ದು ಅಲ್ಲ ಅಂತ ನೋಡಕ್ಕೆ ಪೊಲೀಸರಿದ್ದಾರೆ, ಚಾಪೆ ಮೇಲೆ ಕಲ್ಲು ಎಣಿಸೋ ಮಗೂನ ಮೇಲೆ ಆ ಕೆಲಸ ಯಾಕೆ. ದೆಹಲಿಯ ರೋಹಿಂಗ್ಯಾ ನಿರಾಶ್ರಿತರ ಮಕ್ಕಳ ವಿಷಯ ಸುಪ್ರೀಂ ಕೋರ್ಟಿಗೆ ಹೋದಾಗಲೇ, 2025ರಲ್ಲಿ, ಮಕ್ಕಳು ಸರ್ಕಾರಿ ಶಾಲೇಲಿ ಅಡ್ಮಿಷನ್ ಕೇಳ್ಲಿ, ಕೊಡದಿದ್ರೆ ಹೈಕೋರ್ಟಿಗೆ ಹೋಗ್ಲಿ ಅಂತ ಕೋರ್ಟು ಹೇಳಿದೆ. ಬೇರೆ ದೇಶದಿಂದ ಬಂದೋರ ಮಕ್ಕಳಿಗೇ ಹಾಗೆ ಅಂದ್ಮೇಲೆ ಇವು ನಮ್ಮ ದೇಶದವೇ ಅಲ್ವ.

ನನ್ನ ಮಗಳು ಅಳಿಯ ಜರ್ಮನಿಯ ಮ್ಯೂನಿಕ್‌ನಲ್ಲಿದ್ದಾರೆ. ಹೆಚ್ಚುಗಾರಿಕೆಗೆ ಹೇಳ್ತಿಲ್ಲ, ಸಾಲ ಇನ್ನೂ ತೀರಿಲ್ಲ. 2023ರಲ್ಲಿ ಹೋಗಿ ಮೂರು ತಿಂಗಳು ಇದ್ದು ಬಂದೆ. ಮೊಮ್ಮಗಂಗೆ ಆಗ ಏಳು ವರ್ಷ, ಜರ್ಮನ್ ಒಂದಕ್ಷರ ಬರ್ತಿರ್ಲಿಲ್ಲ. ಅಲ್ಲಿ ಭಾಷೆ ಬರದ ಮಕ್ಕಳಿಗೆ ಅಂತಲೇ ಡಾಯ್ಚ್‌ಕ್ಲಾಸ್ಸ ಅಂತ ಬೇರೆ ತರಗತಿ ಇದೆ. ಇವನ ಒಂದು ಕಡೆ ಸಿರಿಯಾದ ಹುಡುಗ, ಇನ್ನೊಂದು ಕಡೆ ಯುದ್ಧ ತಪ್ಪಿಸ್ಕೊಂಡು ಬಂದ ಉಕ್ರೇನಿನ ಹುಡುಗಿ. ಮೊದಲನೇ ದಿನ ಏನು ಕಲಿಸಿದ್ರು ಗೊತ್ತಾ? ಒಂದು ರಟ್ಟಿನ ಮೇಲೆ ಟಾಯ್ಲೆಟ್ ಚಿತ್ರ. ಅದನ್ನ ಎತ್ತಿ ತೋರ್ಸಿದ್ರೆ ಸಾಕು, ಮಾತಾಡ್ಬೇಕಾಗಿಲ್ಲ. ಅದರ ಕೆಳಗೆ ಆ ಪದ. ಎರಡನೇ ರಟ್ಟು ನೀರು, ಮೂರನೇದು ಹೊಟ್ಟೆನೋವು. ನಮ್ಮ ಹುಡುಗಂಗೆ ಅಂಥ ರಟ್ಟು ಒಂದಿದ್ದಿದ್ರೆ ಇವತ್ತು ಕಣದಲ್ಲಿ ಇರ್ತಿರ್ಲಿಲ್ಲ. ಅಲ್ಲಿನ ಟೀಚರ್ ನಮ್ಮ ಮಗಳಿಗೆ ಮನೇಲಿ ಕನ್ನಡ ಬಿಡಬೇಡಿ, ಅದು ಗಟ್ಟಿಯಿದ್ರೆ ಇದೂ ಬೇಗ ಬರತ್ತೆ ಅಂದ್ರಂತೆ. ಭಾನುವಾರ ಅಲ್ಲಿನ ಕನ್ನಡದೋರು ಸೇರಿ ಮಕ್ಕಳಿಗೆ ಅಆಇಈ ತಿದ್ದಿಸ್ತಾರೆ, ನೋಡಿ ಎದೆ ತುಂಬಿ ಬಂತು. ವಾಪಸ್ ಬಂದು ನೋಡಿದ್ರೆ ಕರ್ನಾಟಕದಲ್ಲಿ, ಶಾಲೆ ಕಿಟಕಿ ಹೊರಗೆ ಮಕ್ಕಳು ತಮ್ಮ ತಂಗಿಯರನ್ನ ಸೊಂಟದ ಮೇಲೆ ಇಟ್ಕೊಂಡು ನಿಂತಿವೆ.

ಜರ್ಮನಿ ಸ್ವರ್ಗ ಅಂತ ಹೇಳ್ತಿಲ್ಲ. ಅಲ್ಲೂ ಬೈಯೋರಿದ್ದಾರೆ, ಬೇರೆ ಕ್ಲಾಸಲ್ಲೇ ಬಹಳ ದಿನ ಕೂರಿಸಿದ್ರೆ ಅಲ್ಲಿನ ಮಕ್ಕಳ ಜೊತೆ ಬೆರೆಯೋದು ಯಾವಾಗ ಅಂತ ನನ್ನ ಮಗಳೇ ಗೊಣಗ್ತಿದ್ಲು. ಆದ್ರೆ ಪಕ್ಕದ ಮನೆ ಟರ್ಕಿ ಮುದುಕರೊಬ್ಬರು ಅಳಿಯನ ಮೂಲಕ ಒಂದು ಮಾತು ಹೇಳಿದ್ರು. 1961ರಲ್ಲಿ ಜರ್ಮನಿ ಟರ್ಕಿ ಜೊತೆ ಒಪ್ಪಂದ ಮಾಡ್ಕೊಂಡು ಫ್ಯಾಕ್ಟರಿಗೆ ಆಳು ಕರೆಸಿತು, ಅತಿಥಿ ಕೆಲಸಗಾರರು ಅಂತ ಹೆಸರು, ಅಂದ್ರೆ ದುಡಿದು ಹೋಗ್ತಾರೆ ಅಂತ ಲೆಕ್ಕ, ಭಾಷೆ ಯಾಕೆ ಕಲಿಸ್ಬೇಕು ಅಂತ. ಹೋಗಲಿಲ್ಲ. ಮಕ್ಕಳಾದ್ವು, ಮೊಮ್ಮಕ್ಕಳಾದ್ವು. ಆಮೇಲೆ ಇವರು ನಮ್ಮ ಜೊತೆ ಸೇರಲ್ಲ, ಭಾಷೆ ಬರಲ್ಲ ಅಂತ ಅಲ್ಲಿನೋರೇ ದೂರಿದ್ರು. ನಮ್ಮಲ್ಲೂ ಇದೇ ಮಾತು ಅಲ್ವ ಶಾಸಕರೇ, ಕುಯ್ಲು ಮುಗಿದ್ರೆ ಹೋಗ್ತಾರೆ ಬಿಡಿ ಅಂತ ಎಷ್ಟು ವರ್ಷದಿಂದ ಅಂತಿದ್ದೀವಿ.

ನನ್ನಪ್ಪನೂ ಹೋಗಲಿಲ್ಲ. ಚಾರ್ಮಾಡಿ ಹತ್ತಿ ಘಟ್ಟದ ಕೆಳಗಿಂದ ಬಂದೋರು, ಮನೇಲಿ ತುಳು. ಒಂದು ಕುಯ್ಲಿಗೆ ಅಂತ ಬಂದು ಮೇಸ್ತ್ರಿಯಾಗಿ ಇಲ್ಲೇ ಮಣ್ಣಾದ್ರು. ನನಗೂ ಶಾಲೆಗೆ ಹೋಗುವಾಗ ಕನ್ನಡ ಸರಿಯಾಗಿ ಬರ್ತಿರ್ಲಿಲ್ಲ. ಆಗ ನಮ್ಮ ಮೇಷ್ಟ್ರು ಸಂಜೆ ಅರ್ಧ ಗಂಟೆ ತಮಿಳು, ತುಳು ಮಕ್ಕಳನ್ನೆಲ್ಲ ಪಡಸಾಲೇಲಿ ಕೂರಿಸ್ಕೊಂಡು ಮಾತಾಡಿಸ್ತಿದ್ರು, ಪಾಠ ಅಲ್ಲ, ಬರೀ ಮಾತು, ಇವತ್ತು ಏನ್ ತಿಂದೆ, ದಾರೀಲಿ ಏನ್ ನೋಡ್ದೆ ಅಂತ. ಅವರಿಗೆ ಯಾವ ಸರ್ಕ್ಯುಲರ್ರೂ ಬಂದಿರ್ಲಿಲ್ಲ. ಅದರಿಂದ್ಲೇ ಈ ಪತ್ರ ಬರ್ಯಕ್ಕೆ ಬರ್ತಿದೆ ನನಗೆ. ಬೈಲುಕುಪ್ಪೇಲಿ 1960ರ ಸುಮಾರಿಗೆ ಟಿಬೆಟ್‌ನೋರಿಗೆ ಇದೇ ರಾಜ್ಯ ಜಾಗ ಕೊಡ್ತು, ಶಾಲೆನೂ ಆಯ್ತು, ಇವತ್ತು ಅಲ್ಲಿ ಸ್ವೆಟರ್ ಅಂಗಡಿ ಅಜ್ಜಿ ಹತ್ರ ಕನ್ನಡದಲ್ಲೇ ಚೌಕಾಸಿ ಮಾಡ್ಬಹುದು. ನಮಗೆ ಬರದ ಕೆಲಸ ಏನಲ್ಲ ಇದು.

ಶಾಲೆ ಬಿಟ್ಟ ಮಕ್ಕಳ ಸರ್ವೆ ಆಗಿದೆ, ನಮ್ಮಲ್ಲಿ ಅಂಥೋರು ಯಾರೂ ಇಲ್ಲ ಅಂತ ಉತ್ತರ ಬರತ್ತೆ, ಗೊತ್ತು. ಸರ್ವೆ ಜೀಪು ತೋಟದ ಗೇಟ್ ಹತ್ರ ನಿಂತಿದ್ದನ್ನ ನಾನೇ ನೋಡಿದ್ದೀನಿ. ಕೆಳಗಿಳಿಯಲಿಲ್ಲ, ಮಳೆ ಇತ್ತು, ಜಿಗಣೆ ಬೇರೆ. ಸೊನ್ನೆ ಬರ್ಕೊಂಡು ಹೋದ್ರು. ನಾನು ಲೈನ್ ಲೈನ್ ಸುತ್ತಿ ಬರ್ಕೊಂಡಿದ್ದೀನಿ, ಶಾಲೆಗೆ ಹೋಗದೆ ಇರೋ ಶಾಲೆ ವಯಸ್ಸಿನ ಮಕ್ಕಳು 14. ಶಾಲೇಲಿರೋದು ಒಟ್ಟು 11 ಮಕ್ಕಳು, ಅದರಲ್ಲಿ ಈ ಹುಡುಗ ಬಿಟ್ಟ ಅಂದ್ರೆ 10. ಮಕ್ಕಳು ಕಮ್ಮಿ ಅಂತ ಈ ಶಾಲೇನ ಪಕ್ಕದೂರಿಗೆ ವಿಲೀನ ಮಾಡೋ ಮಾತು ನಡೀತಿದೆಯಂತೆ. ಒಳಗೆ ಮಕ್ಕಳಿಲ್ಲ ಅಂತ ಶಾಲೆ ಮುಚ್ತೀರಿ, ಹೊರಗೆ 14 ಮಕ್ಕಳು ನಿಂತಿವೆ. ಇದೆಂಥ ಲೆಕ್ಕ ಮಾರಾಯ್ರೆ, ನನ್ನ ಚೆಕ್‌ರೋಲಲ್ಲಿ ಹೀಗೆ ಬರ್ದಿದ್ರೆ ಸಾಹುಕಾರ್ರು ಅವತ್ತೇ ಮನೆಗೆ ಕಳಿಸ್ತಿದ್ರು.

ಬೆಂಗಳೂರಲ್ಲಿ ಐಟಿಯೋರಿಗೆ ಕನ್ನಡ ಕಲಿಕಾ ಕೇಂದ್ರ ಮಾಡ್ತೀರಿ, ಒಳ್ಳೇದು, ಮಾಡಿ. 2015ರಲ್ಲಿ ಕನ್ನಡ ಭಾಷಾ ಕಲಿಕಾ ಕಾಯ್ದೆ ತಂದು ಎಲ್ಲ ಶಾಲೇಲೂ ಕನ್ನಡ ಕಡ್ಡಾಯ ಅಂದ್ರಿ, ಅದೂ ಒಳ್ಳೇದೇ. ಆದ್ರೆ ಕನ್ನಡ ಶಾಲೆ ಬಾಗಿಲಿಗೇ ಬಂದು ನಿಂತ ಮಗೂಗೆ ಟೀಚರ್ ಇಲ್ಲ.

ಅತಿಥಿ ಶಿಕ್ಷಕರಾದ್ರೂ ಪರವಾಗಿಲ್ಲ, ಹಿಂದಿ ಸ್ವಲ್ಪ ಬರೋರಾದ್ರೆ ಇನ್ನೂ ಅನುಕೂಲ, ಟಿಸಿಎಚ್ ಟೀಚರ್ ಟ್ರೇನಿಂಗ್ ಮಾಡಿ ಮನೇಲಿ ಕೂತಿರೋ ಹೆಣ್ಣುಮಕ್ಕಳು ನಮ್ಮೂರಲ್ಲೇ ಇಬ್ಬರಿದ್ದಾರೆ, ಅವರಲ್ಲಿ ಒಬ್ಬರನ್ನೇ ತಗೊಳ್ಳಿ. ದಿನಕ್ಕೆ ಎರಡು ಗಂಟೆ ಸಾಕು. ಚಾಪೆ ನಾನು ಕೊಡ್ತೀನಿ. ಪರಿಶೀಲಿಸಲಾಗುವುದು ಅಂತ ಪತ್ರ ಕಳಿಸಬೇಡಿ, ಅಂಥವು ನನ್ನ ಹತ್ರ ಮೂರು ಇವೆ, ಫೋನೂ ಮಾಡಬೇಡಿ, ಟೀಚರ್ ಆರ್ಡರ್ ಕಾಪಿ ಕಳ್ಸಿ. ಕುಯ್ಲು ಮುಗಿಯೋದ್ರೊಳಗೆ ಬಂದ್ರೆ ಆ ಹುಡುಗನ್ನ ಕಣದಿಂದ ನಾನೇ ಕೈ ಹಿಡಿದು ಕರ್ಕೊಂಡು ಬರ್ತೀನಿ. ರಟ್ಟು ಕತ್ತರಿಸಿ ಟಾಯ್ಲೆಟ್ ಚಿತ್ರ ಆಗ್ಲೇ ಬಿಡಿಸಿ ಇಟ್ಟಿದ್ದೀನಿ, ಅಷ್ಟು ಚೆನ್ನಾಗಿ ಬಂದಿಲ್ಲ, ಕೆಳಗೆ ದೊಡ್ಡದಾಗಿ ಒಂದಕ್ಕೆ ಅಂತ ಬರ್ದಿದ್ದೀನಿ.

ಇಂತಿ,
ಒಬ್ಬ ರಿಟೈರ್ಡ್ ತೋಟದ ರೈಟರ್
ಚಿಕ್ಕಮಗಳೂರು ಜಿಲ್ಲೆ