ಕ್ಲಾರಾ ಬಾಗ್ ಮತ್ತು ನಮ್ಮ ತೆಂಗಿನ ಪುಡಿ

ಮಾನ್ಯ ಸಂಪಾದಕರೇ,

ಐರ್ಲೆಂಡಿನ ಆಫಲಿ ಕೌಂಟಿಯ ಕ್ಲಾರಾ ಬಾಗ್ ನೋಡಿಬಂದೆ. ಬರೀ ಮಳೆನೀರು ನಂಬಿ, ಸುತ್ತಲ ನೆಲಕ್ಕಿಂತ ಉಬ್ಬಿ ಬೆಳೆದ ಜೌಗು ಅದು. ಹಲಗೆ ದಾರಿಯಿಂದ ಬಗ್ಗಿ ಪಾಚಿ ಒತ್ತಿದೆ; ನೆಂದ ಸ್ಪಂಜಿನಂತೆ ನೀರು ಜಿನುಗಿತು. ಪಕ್ಕದಲ್ಲೇ ನೊಣ ಹಿಡಿಯುವ ಪುಟ್ಟ ಕೆಂಪು ಗಿಡ.

ಸತ್ತ ಪಾಚಿ ಪೂರ್ತಿ ಕೊಳೆಯದೆ ಪೀಟ್ ಆಗುತ್ತದೆ, ವರ್ಷಕ್ಕೆ ಸುಮಾರು 1 ಮಿಲಿಮೀಟರ್. ಒಂದು ಮೀಟರ್‌ಗೆ ಸಾವಿರ ವರ್ಷ! ಜನ ಅದನ್ನೇ ಕಡಿದು, ಒಣಗಿಸಿ ಒಲೆಗೆ ಹಾಕಿದರು. ನಡುವೆ ರಸ್ತೆ ಮಾಡಿ ನೀರು ಬಸಿದಿದ್ದಕ್ಕೆ ಕ್ಲಾರಾ ನೆಲ ಮೀಟರ್‌ಗಟ್ಟಲೆ ಕುಸಿಯಿತು. ಒಣಗಿದ ಪೀಟ್‌ನ ಇಂಗಾಲ ಗಾಳಿ ಸೇರುತ್ತದೆ.

ಹೂಕುಂಡಕ್ಕೂ ಪೀಟ್ ಬೇಕಂತೆ. ಅದಕ್ಕೆ ತೆಂಗಿನ ನಾರಿನ ಪುಡಿ ಸಾಕಲ್ವಾ? ನಮ್ಮ ತಿಪಟೂರು ಕಡೆ ಅದು ರಾಶಿ ರಾಶಿ ಸಿಗುತ್ತದೆ.

– ಓದುಗ, ಡಬ್ಲಿನ್