ತೊಗರಿ ರಾಶಿ ಮುಗಿದ ಮೇಲೆ ಕೆಲಸ ಎಲ್ಲಿ?

ಸಂಪಾದಕರೇ,

ತೊಗರಿ ರಾಶಿ ಮುಗಿದರೆ ಸಾಕು, ಯಾದಗಿರಿ ರೈಲು ನಿಲ್ದಾಣದಲ್ಲಿ ರೊಟ್ಟಿ ಗಂಟು, ಹಾಸಿಗೆ, ಪ್ಲಾಸ್ಟಿಕ್ ಕೊಡ, ಕೂಸುಗಳನ್ನು ಕಟ್ಟಿಕೊಂಡು ಬೆಂಗಳೂರಿನ ಕಟ್ಟಡ ಕೆಲಸಕ್ಕೆ ಹೊರಟವರೇ ಜಾಸ್ತಿ. ಮೊನ್ನೆ ನಮ್ಮ ಓಣಿಯಲ್ಲೂ ಒಂದು ಮನೆಗೆ ಬೀಗ ಬಿತ್ತು. ನಾಲ್ಕನೇ ಕ್ಲಾಸಿನ ಹುಡುಗಿ ಪಾಟಿಚೀಲ ಹಿಡಿದುಕೊಂಡೇ ರೈಲು ಹತ್ತಿದಳು.

ನಮ್ಮ ಕಲ್ಯಾಣ ಕರ್ನಾಟಕಕ್ಕೆ ವಿಶೇಷ ಸ್ಥಾನ ಕೊಡುವ ಸಂವಿಧಾನದ 371ಜೆ ವಿಧಿ 2013ರಲ್ಲೇ ಜಾರಿಗೆ ಬಂತು. ಸ್ಥಳೀಯರಿಗೆ ಇಲ್ಲಿನ ಸರ್ಕಾರಿ ನೌಕರಿಯ ಸಿ ಗುಂಪಿನಲ್ಲಿ ಶೇ 80, ಡಿ ಗುಂಪಿನಲ್ಲಿ ಶೇ 85 ಹುದ್ದೆ ಮೀಸಲು, ಒಳ್ಳೆಯದೇ, ಆದರೆ ಭರ್ತಿಯನ್ನೇ ಮಾಡದಿದ್ದರೆ ಯಾರಿಗೆ ಉಪಯೋಗ? ಅದೂ ಓದಿದವರ ಮಾತಾಯಿತು. ಕೂಲಿಯವರಿಗೆ ಬೇಕಿರುವುದು ಬೇಸಿಗೆಯಲ್ಲಿ ಊರಲ್ಲೇ ಕೆಲಸ. ನಮ್ಮೂರಲ್ಲಿ ಸರ್ಕಾರಿ ಕೆಲಸದ ಕೂಲಿ ಖಾತೆಗೆ ಬೀಳಲು ತಿಂಗಳು ಕಾಯಬೇಕು, ಮೇಸ್ತ್ರಿ ಶನಿವಾರ ಸಂಜೆ ಕೈಗೇ ಕೊಡುತ್ತಾನೆ. ಜನ ಅತ್ತ ಹೋಗದೆ ಇನ್ನೇನು ಮಾಡ್ಯಾರು? ಮೊದಲು 15 ದಿನದೊಳಗೆ ಕೂಲಿ ಕೊಡಿ, ಖಾಲಿ ಹುದ್ದೆ ತುಂಬಿ.

— ಒಬ್ಬ ಓದುಗ, ಯಾದಗಿರಿ