ಹೊಲ ಬಿಟ್ಟು ಹೋದವನನ್ನು ಮೊದಲು ಕೇಳು

ಚಿ. ಸೌ. ಮಗಳಿಗೆ ರೋಣದಿಂದ ನಿನ್ನ ಕಾಕಾನ ಆಶೀರ್ವಾದಗಳು. ಇಲ್ಲಿ ಎಲ್ಲರೂ ಆರಾಮ ಇದ್ದೇವೆ.

ಎರೆಹೊಲದ ವಿಷಯ ಫೋನಿನಲ್ಲಿ ಹೇಳಿದೆಯಲ್ಲ, ಅಂದಿನಿಂದ ನಿದ್ದೆ ಸರಿಯಾಗಿಲ್ಲ. ಲಾವಣಿಗೆ, ಅಂದರೆ ಗುತ್ತಿಗೆಗೆ, ಮಾಡುತ್ತಿದ್ದವನು ಗೋವಾಕ್ಕೆ ದುಡಿಯಲು ಹೋಗಿ ಪತ್ತೆ ಇಲ್ಲ. ಈಗ ಅವನ ತಮ್ಮ ಹೆಸರುಕಾಳು ಬಿತ್ತಿ, ಹೊಲ ಬಿಡೋದಿಲ್ಲ ಅಂತ ಕೂತಿದ್ದಾನೆ. ಅಳಿಯಂದಿರು ಟ್ರ್ಯಾಕ್ಟರ್ ಹೊಡೆಸಿಬಿಡೋಣ ಅಂತಿದ್ದಾರೆ. ಬೇಡವ್ವಾ. ನಿಂತ ಬೆಳೆ ಹರಗಿದರೆ ಮರುದಿನವೇ ನಿಮ್ಮ ಮೇಲೆ ಪೊಲೀಸ್ ಕಂಪ್ಲೇಂಟ್ ಆಗುತ್ತದೆ. ಹೊಲ ನಿನ್ನದೇ ಇರಬಹುದು. ಆದರೂ ಜೋರು ಮಾಡಿ ಎಬ್ಬಿಸಿದರೆ ಆರು ತಿಂಗಳೊಳಗೆ ಅವನು ಸಿವಿಲ್ ಕೋರ್ಟಿಗೆ ಹೋಗಿ ಕಬ್ಜಾ, ಅಂದರೆ ಹೊಲದ ಸ್ವಾಧೀನ, ವಾಪಸ್ ಕೇಳಬಹುದು. ಮಾಲೀಕ ಯಾರು ಅನ್ನೋದನ್ನು ಆ ದಾವೆಯಲ್ಲಿ ಕೋರ್ಟು ನೋಡುವುದೇ ಇಲ್ಲ.

ಇನ್ನೊಂದು ಮಾತು. ಅವನು ಹೊಲ ಬಿಟ್ಟು ಹೋದ ಅಂತ ನೀವೆಲ್ಲ ತೀರ್ಮಾನ ಮಾಡಿಬಿಟ್ಟಿದ್ದೀರಿ. ನಿನ್ನ ಅಜ್ಜನ ಬಗ್ಗೆಯೂ ಒಂದು ಕಾಲಕ್ಕೆ ಹೀಗೇ ಹೇಳಿದ್ದರು. 1972ರ ಬರದಲ್ಲಿ ಅಪ್ಪ ಎತ್ತು ಮಾರಿ ದುಡಿಯಲು ಊರು ಬಿಟ್ಟ. ಅವ್ವ ಹೆಣ್ಣಾಳು ಕಟ್ಟಿಕೊಂಡು ಇದೇ ಹೊಲ ಬಿತ್ತಿದಳು. 1974ರ ಮಾರ್ಚ್ 1ಕ್ಕೆ ಗೇಣಿ ಹೊಲಗಳೆಲ್ಲ ಸರ್ಕಾರಕ್ಕೆ ಸೇರಿದವು. ಉಳುವವರು ಫಾರಂ 7 ಕೊಟ್ಟು ತಮ್ಮ ಹೆಸರಿಗೆ ಕೇಳಬೇಕಿತ್ತು. ಅಪ್ಪ ಕೊಟ್ಟ. ಕುಳ, ಅಂದರೆ ಗೇಣಿ ಮಾಡುವವನು, ಎಂದೋ ಓಡಿಹೋದ ಅಂತ ಹೊಲದ ಧಣಿ ತಕರಾರು ಹಾಕಿದರು.

ಆಗ ಭೂ ನ್ಯಾಯಮಂಡಳಿ ಮುಂದೆ ವಕೀಲರಿಗೆ ಪ್ರವೇಶ ಇರಲಿಲ್ಲ. ಅಪ್ಪ ರುಮಾಲು ಸುತ್ತಿಕೊಂಡು ತಾನೇ ನಿಂತು ಉತ್ತರ ಕೊಟ್ಟ. ಆ ತಾರೀಖಿಗೆ ಹೊಲ ಯಾರು ಮಾಡುತ್ತಿದ್ದರು, ಬಿಟ್ಟುಕೊಟ್ಟದ್ದಕ್ಕೆ ಕಾಗದ ಎಲ್ಲಿ ಅಂತ ಮಂಡಳಿಯ ಅಧ್ಯಕ್ಷರಾಗಿದ್ದ ಎ.ಸಿ. (ಉಪವಿಭಾಗಾಧಿಕಾರಿ) ಸಾಹೇಬರು ಕೇಳಿದರು. ಧಣಿಯ ಹತ್ತಿರ ಕಾಗದ ಇರಲಿಲ್ಲ. ನಮ್ಮ ಕಡೆ ಮುಂಬೈ ಸರ್ಕಾರದ 1948ರ ಕಾಯಿದೆ ಇದ್ದಾಗಲೂ ಕುಳ ಹೊಲ ಬಿಡಬೇಕೆಂದರೆ ಬರೆದುಕೊಟ್ಟು ಮಾಮಲೇದಾರರ (ತಹಶೀಲ್ದಾರರ) ಮುಂದೆ ಒಪ್ಪಿಕೊಳ್ಳಬೇಕಿತ್ತು. ಬದುವಿನ ಆಚೆಯ ಹೊಲದವರು ಬಂದು, ಅವ್ವ ಬಿತ್ತಿದ್ದು, ರಾಶಿ ಮಾಡಿದ್ದು ಎಲ್ಲ ಹೇಳಿದರು. ಹೊಲ ನಮ್ಮದು ಅನ್ನುವ ಹಕ್ಕುಪತ್ರ, ಫಾರಂ 10, ಬಂತು. ಆಸ್ತಿ ಪಾಲಾದಾಗ, ವಾಟ್ನಿಯಲ್ಲಿ, ನಿನ್ನ ಅಪ್ಪನ ಪಾಲಿಗೆ ಬಂದದ್ದು ಅದೇ ಹೊಲ. ದುಡಿಯಲು ಊರು ಬಿಟ್ಟವನು ಹೊಲವನ್ನೂ ಬಿಟ್ಟ ಅನ್ನುವ ಮಾತು ನಮ್ಮ ಮನೆಯವರ ಬಾಯಲ್ಲಿ ಬರಬಾರದು ಅಂತ ನನಗೆ ಅದಕ್ಕೇ ಅನ್ನಿಸುತ್ತದೆ.

ಹಾಗಂತ ಹೆದರಬೇಡ. ಈಗಿನ ಲಾವಣಿ ಆಗಿನ ಗೇಣಿ ಅಲ್ಲ. 1974ರ ನಂತರ ಸೈನಿಕರಂಥ ಕೆಲವರನ್ನು ಬಿಟ್ಟು ಯಾರೂ ಬೇಸಾಯದ ಜಮೀನನ್ನು ಗೇಣಿಗೆ ಕೊಡುವ ಹಾಗಿಲ್ಲ. ಫಾರಂ 7ರ ಗಡುವೂ 1979ರ ಜೂನ್ 30ಕ್ಕೇ ಮುಗಿಯಿತು. ಆದರೆ ಲಾವಣಿಗೆ ಕೊಟ್ಟದ್ದೂ ಕಾಯಿದೆಗೆ ಹೊಂದುವುದಿಲ್ಲ, ಅದಕ್ಕೇ ಅದನ್ನು ವಕೀಲರಿಂದ ಮುಚ್ಚಿಡಬೇಡ, ಮೊದಲೇ ಹೇಳು. ಇನ್ನು ಹನ್ನೆರಡು ವರ್ಷ ಉತ್ತರೆ ಹೊಲ ಅವರದೇ ಆಗುತ್ತದೆ ಅಂತ ಊರಲ್ಲಿ ಹೆದರಿಸುತ್ತಾರಲ್ಲ, ಅದು ಅರ್ಧ ಸತ್ಯ. ನಮ್ಮ ಒಪ್ಪಿಗೆಯಿಂದ ಬಂದವನು ಎಷ್ಟು ವರ್ಷ ಉತ್ತರೂ ಅದು ಒಪ್ಪಿಗೆಯ ಕಬ್ಜಾನೇ. ತಮ್ಮನ ಮಾತು ಬೇರೆ. ಅವನಿಗೆ ನೀನು ಕೊಟ್ಟಿಲ್ಲ, ಈಗ ಎದುರಿಗೇ ಬಿಡೋದಿಲ್ಲ ಅನ್ನುತ್ತಿದ್ದಾನೆ. ಹನ್ನೆರಡು ವರ್ಷದ ಲೆಕ್ಕ ಹಾಕುವುದಾದರೆ ಅದು ಅವನ ಮೇಲೆ ಶುರುವಾಗುತ್ತದೆ. ಸುಮ್ನೆ ವರ್ಷ ಕಳೆಯಬೇಡ ಅನ್ನೋದು ಅದಕ್ಕೇ.

ಮೊದಲು ವಾರಸಾ ಮಾಡಿಸು, ಅಂದರೆ ವಾರಸುದಾರಳಾಗಿ ನಿನ್ನ ಹೆಸರು ಹಚ್ಚಿಸು. ನಿನ್ನ ಅಪ್ಪ ತೀರಿಕೊಂಡು ಇಷ್ಟು ದಿನವಾದರೂ ಉತಾರದ (ಪಹಣಿಯ) 9ನೇ ಕಾಲಂನಲ್ಲಿ, ಮಾಲೀಕ ಅಂತ, ಅವನ ಹೆಸರೇ ಇದೆ. 12ನೇ ಕಾಲಂನಲ್ಲಿ, ಸಾಗುವಳಿದಾರ ಅಂತ, ಯಾರ ಹೆಸರು ಕೂತಿದೆ ನೋಡು. ತಮ್ಮನ ಹೆಸರು ಇದ್ದರೆ ಎ.ಸಿ. ಆಫೀಸಿಗೆ ಅಪೀಲು ಹಾಕಬೇಕು. ಉತಾರದ ನಮೂದೊಂದೇ ಮಾಲಕಿ ಹಕ್ಕು ಕೊಡುವುದಿಲ್ಲ, ನಿಜ. ಆದರೆ ಸುಳ್ಳು ಅಂತ ರುಜುವಾತಾಗುವ ತನಕ ಅದನ್ನೇ ಖರೆ ಅಂತ ಹಿಡಿಯುತ್ತಾರೆ. ತಹಶೀಲ್ದಾರ್ ಕಚೇರಿಯಲ್ಲಿ ಇದ್ದಷ್ಟು ವರ್ಷ ಜನ ಈ ಒಂದು ಸಾಲಿಗಾಗಿ ಅಳುವುದನ್ನು ನೋಡಿದ್ದೇನೆ.

ಜೊತೆಗೆ ಗೋವಾದಲ್ಲಿರುವವನನ್ನು ಹುಡುಕಿಸು. ಅವನ ಹೆಂಡತಿ ತವರಿನಲ್ಲಿದ್ದಾಳೆ, ನಂಬರ್ ಸಿಗುತ್ತದೆ. ಹೊಲ ಮಾಡುತ್ತೀಯಾ ಇಲ್ಲವಾ ಅಂತ ನೀನೇ ಕೇಳು, ಬೇರೆಯವರ ಕೈಲಿ ಕೇಳಿಸಬೇಡ. ಬಿಡುತ್ತೇನೆ ಅಂದರೆ ಇಬ್ಬರು ಹಿರಿಯರ ಮುಂದೆ ಬರೆದುಕೊಡಲಿ. ಲಾವಣಿ ಹಣದಲ್ಲಿ ಅವನಿಗೆ ಬರಬೇಕಾದದ್ದು ಇದ್ದರೆ ಚೌಕಾಶಿ ಮಾಡದೆ ಕೊಟ್ಟುಬಿಡು. ಅಣ್ಣನೇ ಬಿಟ್ಟ ಮೇಲೆ ತಮ್ಮನ ಮಾತಿಗೆ ಬಲ ಇರುವುದಿಲ್ಲ. ಈಗಿನ ಹೆಸರುಕಾಳಿನ ಬೆಳೆ ತಮ್ಮನೇ ಬಿಡಿಸಿಕೊಳ್ಳಲಿ, ಅದರಲ್ಲಿ ಜಗಳ ಬೇಡ. ಹಿಂಗಾರಿಗೆ ಮುಂಚೆ ವಕೀಲರಿಂದ ನೋಟಿಸ್ ಹೋಗಲಿ.

ಫಾರಂ 10, ವಾಟ್ನಿ ಪತ್ರ ಎರಡೂ ನನ್ನ ಟ್ರಂಕಿನಲ್ಲಿವೆ. ಜೆರಾಕ್ಸ್ ಈ ಪತ್ರದ ಜೊತೆ ಇಟ್ಟಿದ್ದೇನೆ. ಮೂಲ ಪ್ರತಿ ಪೋಸ್ಟಿನಲ್ಲಿ ಕಳಿಸುವುದಿಲ್ಲ. ನೀನೇ ಹುಬ್ಬಳ್ಳಿಯಿಂದ ಬಂದು ಒಯ್ಯಿ. ಬರುವಾಗ ಅಳಿಯಂದಿರನ್ನೂ ಕರೆದುಕೊಂಡು ಬಾ, ಅವರ ಜೊತೆ ನಾನು ಮಾತಾಡುತ್ತೇನೆ.

ಇಂತಿ ನಿನ್ನ ಕಾಕಾ